ಬೇಸೆನ್‌ನ ಅರ್ಧ ಮನೆ

ನಮ್ಮ ಊರು ಕರಗಂದಾದ ಗೂಡ್ಸ್ ಯಾರ್ಡಿನಲ್ಲಿ ಬೇಸೆನ್ ರೈಲಿನ ಎಡಗಡೆ ನಡೆಯುತ್ತಿದ್ದ, ನಾನು ಬಲಗಡೆ. ಇಬ್ಬರ ಕೈಯಲ್ಲೂ ಉದ್ದ ಹಿಡಿಯ ಸುತ್ತಿಗೆ. ಒಂದೊಂದು ಗಾಲಿಗೂ ಒಂದೊಂದು ಪೆಟ್ಟು. ಗಟ್ಟಿ ಗಾಲಿ ಗಂಟೆಯ ಹಾಗೆ ಕೂಗುತ್ತದೆ, ಬಿರುಕು ಬಿಟ್ಟಿದ್ದರೆ ಡಬ್ ಎನ್ನುತ್ತದೆ. ನಮ್ಮ ನೌಕರಿಯ ಕಾಲವೆಲ್ಲ ಹೀಗೇ ಒಂದೇ ರೈಲಿನ ಎರಡು ಮಗ್ಗುಲಲ್ಲಿ ಕಳೆದುಹೋಯಿತು. ವ್ಯಾಗನ್ನುಗಳ ಸಂದಿನಲ್ಲಿ ನನಗೆ ಅವನ ಬೂಟು ಕಾಣುತ್ತಿತ್ತು, ಮಾತು ಕೇಳುತ್ತಿತ್ತು. ಒಂದೇ ವರ್ಷ ಹುಟ್ಟಿದ ನಾವು ಕುರ್ದಾಸ್‌ಗಳು. ಕುರ್ದಾಸ್ ಏನಂದರೂ ಮುನಿಸಿಕೊಳ್ಳುವಂತಿಲ್ಲ. ಆ ಸಲಿಗೆಯನ್ನು ನಾನು ಧಾರಾಳವಾಗಿಯೇ ಬಳಸಿಕೊಂಡೆ.

ಅವನು ಮನೆ ಕೊಂಡದ್ದು ಎರಡು ಸಾವಿರದ ಏಳರಲ್ಲಿ. ಊರಿಗೆ ಊರೇ ಮನೆ ಕೊಳ್ಳುತ್ತಿದ್ದ ಕಾಲ ಅದು. ಸಂಬಳದ ಚೀಟಿ ತೋರಿಸಿದರೆ ಬ್ಯಾಂಕಿನವರು ಕುರ್ಚಿ ಎಳೆದು ಕೂರಿಸುತ್ತಿದ್ದರು. ನಾನು ಸಾಲ ಮಾಡಲಿಲ್ಲ. ಜಾಣತನದಿಂದ ಅಂದುಕೊಳ್ಳಬೇಡಿ. ಮಾವನ ಕಲ್ಲಿದ್ದಲ ಒಲೆಯ ಮನೆ ನನಗೆ ಬಿಟ್ಟಿ ಸಿಕ್ಕಿತ್ತು, ಅದಕ್ಕೆ.

ಬೇಸೆನ್‌ನ ಕೈಯಲ್ಲಿ ಆಗ ನಮ್ಮ ನಾಣ್ಯದಲ್ಲಿ ಇಪ್ಪತ್ತು ಲಕ್ಷ ತೆಂಗೆ ಇತ್ತು. ಹಿಂದಿನ ಚಳಿಗಾಲದಲ್ಲಿ ಅವನ ತಾಯಿ ತೀರಿಕೊಂಡಿದ್ದರು. ಹಳ್ಳಿಯ ಮನೆಯನ್ನೂ ಹಸುಗಳನ್ನೂ ಮಾರಿ ಬಂದ ಹಣ ಅದು. ನಮ್ಮ ಪದ್ಧತಿಯಲ್ಲಿ ತಾಯಿಯ ಮನೆ ಕಿರಿಮಗನಿಗೆ. ಹೆಣ್ಣುಮಕ್ಕಳ ಪಾಲು ಅವರ ಮದುವೆಯ ದಿನವೇ ಗಾಡಿ ಹತ್ತಿ ಹೋಗಿರುತ್ತದೆ. ಹಾಗಾಗಿ ಅಷ್ಟೂ ಬೇಸೆನ್‌ನದೇ, ಕೇಳುವವರು ಯಾರೂ ಇರಲಿಲ್ಲ. ಆದರೆ ಅವನಿಗೆ ಒಬ್ಬ ಅಕ್ಕ ಇದ್ದಳು.

ಅಕ್ಕನ ಹೆಸರು ಉಲ್ಬೋಸಿನ್. ಹೆಸರಿನ ಅರ್ಥ, ಗಂಡಾಗಲಿ ಅಂತ. ಹೆಣ್ಣು ಹುಟ್ಟಿದಾಗ ಮುಂದಿನದಾದರೂ ಗಂಡಾಗಲಿ ಎಂದು ಇಡುವ ಹೆಸರು. ಮುಂದಿನದು ಬೇಸೆನ್. ಉಲ್ಬೋಸಿನ್ ಗಂಡನನ್ನು ಬೇಗ ಕಳೆದುಕೊಂಡು, ಮಕ್ಕಳಿಲ್ಲದೆ ತಾಯಿಯ ಬಳಿಗೆ ವಾಪಸ್ಸಾದಳು. ಹಾಸಿಗೆ ಹಿಡಿದ ಮುದುಕಿಯನ್ನು ಹನ್ನೆರಡು ವರ್ಷ ಎತ್ತಿ ಇಳಿಸಿದಳು. ತಾಯಿ ಹೋದ ಮೇಲೆ ಕರಗಂದಾಕ್ಕೆ ಬಂದು, ಎಂಜಿನ್ ಡ್ರೈವರುಗಳು ತಂಗುವ ರೈಲ್ವೆ ವಸತಿಯಲ್ಲಿ ಹಾಸಿಗೆ ಬಟ್ಟೆ ಕೊಡುವ, ಚಹಾ ಕಾಯಿಸುವ ಕೆಲಸಕ್ಕೆ ಸೇರಿದಳು. ಮೆಟ್ಟಿಲ ಕೆಳಗಿನ ಕೋಣೆಯೊಂದನ್ನು ಅವಳಿಗೆ ಕೊಟ್ಟಿದ್ದರು, ಕೆಲಸ ಇರುವಷ್ಟು ಕಾಲ ಮಾತ್ರ. ನಿವೃತ್ತಿಯಾದ ದಿನ ಖಾಲಿ ಮಾಡಬೇಕು.

ಬೇಸೆನ್ ಒಳ್ಳೆಯವನು. ಅದನ್ನು ನಾನು ಅವನ ಎದುರಿಗೆ ಒಂದು ಸಲವೂ ಹೇಳಿಲ್ಲ, ಇಲ್ಲಿ ಹೇಳುತ್ತೇನೆ. ಮನೆಯ ಕಾಗದಕ್ಕೆ ಸಹಿ ಹಾಕುವ ಮೊದಲು ಅವನು ಚಿಕ್ಕಪ್ಪ ಇಗಿಲಿಕ್‌ನನ್ನು ಕರೆಸಿದ. ಅವರ ವಂಶದಲ್ಲಿ ಉಳಿದ ಹಿರಿಯ ಅವನೊಬ್ಬನೇ. ಆ ಮುದುಕನ ಮುಂದೆ ಬೇಸೆನ್ ಅಕ್ಕನಿಗೆ ಮಾತು ಕೊಟ್ಟ: ತಾಯಿಯ ಹಣದಲ್ಲಿ ಅರ್ಧ ನಿನ್ನದು, ಈಗ ನಾನು ತೆಗೆದುಕೊಳ್ಳುತ್ತೇನೆ, ಬ್ಯಾಂಕಿನ ಸಾಲ ಅರ್ಧ ತೀರಿದ ದಿನ ನಿನಗೆ ನಿನ್ನದೇ ಬಾಗಿಲಿರುವ ಒಂದು ಮನೆ ಕೊಡಿಸುತ್ತೇನೆ. ಇಗಿಲಿಕ್ ಅಂಗೈ ತೆರೆದು ಹರಸಿದ. ಹಿರಿಯರು ಹಾಗೆ ಹರಸಿದ ಮೇಲೆ ಆ ಮಾತು ಕೊಟ್ಟವನ ಕೈಯಲ್ಲಿ ಇರುವುದಿಲ್ಲ.

ಎರಡು ಕೋಣೆ, ಒಂದು ಅಡುಗೆಮನೆ, ನಾಲ್ಕನೇ ಮಹಡಿ. ಎಪ್ಪತ್ತು ಲಕ್ಷ. ಇಪ್ಪತ್ತು ಕೈಯಿಂದ, ಐವತ್ತು ಬ್ಯಾಂಕಿನಿಂದ. ಇಪ್ಪತ್ತು ವರ್ಷದ ಅವಧಿ, ನೂರಕ್ಕೆ ಹದಿನಾಲ್ಕರ ಬಡ್ಡಿ, ತಿಂಗಳಿಗೆ ಅರವತ್ತೆರಡು ಸಾವಿರದ ಕಂತು. ಮೊದಲ ತಿಂಗಳೂ ಅಷ್ಟೇ, ಕೊನೆಯ ತಿಂಗಳೂ ಅಷ್ಟೇ. ಈ ಕೊನೆಯ ಮಾತು ಬೇಸೆನ್‌ಗೆ ತುಂಬ ಹಿಡಿಸಿತು. ತಿಂಗಳು ತಿಂಗಳೂ ಒಂದೇ ಮೊತ್ತ ಕಟ್ಟಿದರೆ ತಿಂಗಳು ತಿಂಗಳೂ ಮನೆಯ ಒಂದೇ ಅಳತೆಯ ತುಂಡು ತನ್ನದಾಗುತ್ತದೆ ಎಂದು ಲೆಕ್ಕ ಹಾಕಿದ. ಹತ್ತು ವರ್ಷಕ್ಕೆ ಅರ್ಧ. ಇದರಲ್ಲಿ ಕೇಳುವುದೇನಿದೆ ಎಂದು ಅವನು ಯಾರನ್ನೂ ಕೇಳಲಿಲ್ಲ. ನನ್ನನ್ನು ಕೇಳಿದ್ದರೆ ನಾನೂ ಸರಿ ಎನ್ನುತ್ತಿದ್ದೆ.

ಅರವತ್ತೆರಡು ಸಾವಿರ ಎಂದರೆ ಅವನ ಸಂಬಳ ಹೆಚ್ಚು ಕಡಿಮೆ ಪೂರ್ತಿ ಹೋದಂತೆ. ಹೆಂಡತಿ ಜೌರೆ ಶಾಲೆಯ ಕ್ಯಾಂಟೀನಿನಲ್ಲಿ ಅಡುಗೆ ಮಾಡುತ್ತಿದ್ದಳು, ಅವಳ ಸಂಬಳದಲ್ಲಿ ನಾಲ್ಕು ಹೊಟ್ಟೆ ತುಂಬಬೇಕು. ಹೆಣ್ಣುಮಕ್ಕಳಿಬ್ಬರು ಬೆಳೆಯುತ್ತಿದ್ದರು. ಬೇಸೆನ್ ಎರಡನೇ ಪಾಳಿ ಹಿಡಿದ. ಭಾನುವಾರ ಯಾರಾದರೂ ರಜೆ ಹಾಕಿದರೆ ಆ ಜಾಗಕ್ಕೆ ಇವನೇ. ಹಬ್ಬದ ದಿನ ಯಾರ್ಡಿನಲ್ಲಿ ಕೂಲಿ ಎರಡರಷ್ಟು, ಹಾಗಾಗಿ ನೌರೂಜ್ ಹಬ್ಬಕ್ಕೂ ಅವನು ಹಳಿಗಳ ಮೇಲೆಯೇ. ಮನೆಗೆ ಬರುವುದು ಬಟ್ಟೆ ಬದಲಿಸಲಿಕ್ಕೆ. ಹೊಸ ಮನೆಯ ರುಚಿ ಹೇಗಿದೆ ಎಂದು ನಾನು ಕೇಳಿದಾಗ, ಬಾಗಿಲ ಬೀಗ ಚೆನ್ನಾಗಿ ತಿರುಗುತ್ತದೆ ಎಂದಿದ್ದ. ಅವನಿಗೆ ಗೊತ್ತಿದ್ದದ್ದೂ ಅಷ್ಟೇ ಇರಬೇಕು.

ಒಂದು ಆಟವನ್ನೂ ಶುರು ಮಾಡಿಕೊಂಡಿದ್ದ. ವರ್ಷಕ್ಕೊಮ್ಮೆ ಮನೆಯ ಒಂದು ಭಾಗವನ್ನು ಬ್ಯಾಂಕಿನಿಂದ ಬಿಡಿಸಿಕೊಂಡೆ ಎಂದು ಸಾರುವುದು. ಮೊದಲ ವರ್ಷ ಹೊಸಿಲು ಮತ್ತು ಪಡಸಾಲೆ. ಆಮೇಲೆ ಬಚ್ಚಲು.

"ನಿನ್ನೆಯಿಂದ ಬಚ್ಚಲು ನಮ್ದು ಕಣೋ," ಎಂದು ವ್ಯಾಗನ್ನಿನ ಆಚೆಯಿಂದ ಕೂಗಿದ್ದ.

"ಹಾಗಾದ್ರೆ ಇಷ್ಟು ದಿನ ಬ್ಯಾಂಕಿನವರ ಅಪ್ಪಣೆ ಕೇಳಿ ಹೋಗ್ತಿದ್ಯಾ?" ಎಂದೆ ನಾನು. ಇಡೀ ಯಾರ್ಡು ಒಂದು ವಾರ ಅದನ್ನೇ ಹೇಳಿಕೊಂಡು ನಕ್ಕಿತು. ಅವನೂ ನಕ್ಕ. ನಗುನಗುತ್ತಲೇ ಆ ವರ್ಷಗಳಲ್ಲಿ ಎರಡು ಹಲ್ಲು ಕಳೆದುಕೊಂಡ, ಕಂತಿನ ಖರ್ಚಿನಲ್ಲಿ ಕಟ್ಟಿಸಲಿಲ್ಲ.

ಹೀಗೆ ಒಂಬತ್ತು ವರ್ಷ ಕಳೆದು ಹತ್ತನೆಯದು ಬಂತು. ಹೆಣ್ಣುಮಕ್ಕಳು ಮದುವೆಯಾಗಿ ಹೋಗಿದ್ದರು. ಉಲ್ಬೋಸಿನ್‌ಗೆ ನಿವೃತ್ತಿಯ ವಯಸ್ಸಾದ ಐವತ್ತೆಂಟು ತುಂಬಲು ಕೆಲವೇ ತಿಂಗಳಿತ್ತು. ವಸತಿಯ ಹೊಸ ಮ್ಯಾನೇಜರು ಕೋಣೆ ಬಿಡುವ ದಿನವನ್ನು ಆಗಲೇ ಹೇಳಿಬಿಟ್ಟಿದ್ದ. ಬೇಸೆನ್ ನಿಶ್ಚಿಂತೆಯಿಂದ ಇದ್ದ. ಯಾರ್ಡಿನಲ್ಲಿ ಒಂದಿಬ್ಬರು ಮನೆಯ ಸಾಲ ತೀರಿದಷ್ಟಕ್ಕೆ ಅದೇ ಬ್ಯಾಂಕಿನಲ್ಲಿ ಮತ್ತೆ ಸಾಲ ಎತ್ತಿದ್ದರು. ಇವನ ಲೆಕ್ಕವೂ ಅದೇ: ಇಪ್ಪತ್ತೈದು ಲಕ್ಷ ತೀರಿದೆ, ಆ ಇಪ್ಪತ್ತೈದನ್ನು ಬ್ಯಾಂಕು ಮತ್ತೆ ಕೊಡುತ್ತದೆ, ಅಕ್ಕ ಕೂಡಿಟ್ಟ ಮೂರು ಲಕ್ಷ ಸೇರಿಸಿದರೆ ಊರಾಚೆ ಒಂದು ಕೋಣೆಯ ಮನೆ. ಅವನು ಮೊದಲು ಬ್ಯಾಂಕಿಗೆ ಹೋಗಬೇಕಿತ್ತು. ಹೋಗಲಿಲ್ಲ. ನಮ್ಮವರು ಮೊದಲು ಕುರಿ ಕಡಿಯುತ್ತಾರೆ.

ಹತ್ತನೇ ವರ್ಷದ ಕೊನೆಯ ಕಂತು ಕಟ್ಟಿದ ವಾರವೇ ಔತಣ. ಅರ್ಧ ಮನೆಯ ಔತಣ ಎಂದು ಎಲ್ಲರನ್ನೂ ಕರೆದ. ನೆಲದ ಮೇಲೆ ಕೌದಿ ಹಾಸಿ ಮೂವತ್ತು ಜನ ಕೂತೆವು. ಹಿರಿಯನಿಗೆ ಸಲ್ಲುವ ಕುರಿಯ ತಲೆಯನ್ನು ಇಗಿಲಿಕ್‌ನ ಮುಂದೆ ಇಟ್ಟರು. ಮುದುಕ ಕಿವಿ ಕೊಯ್ದು ಹಂಚಿದ. ಎಲ್ಲರ ಎದುರು ಬೇಸೆನ್ ಎದ್ದು ನಿಂತು, ಕೊಟ್ಟ ಮಾತು ನಡೆಸುವ ಕಾಲ ಬಂತು, ಮುಂದಿನ ತಿಂಗಳು ಅಕ್ಕನಿಗೆ ಅವಳ ಬಾಗಿಲು ಎಂದ. ಮೂವತ್ತು ಜೊತೆ ಅಂಗೈಗಳು ತೆರೆದವು. ಉಲ್ಬೋಸಿನ್ ತಲೆವಸ್ತ್ರದ ಅಂಚಿನಿಂದ ಕಣ್ಣೊರೆಸಿಕೊಂಡಳು. ಜೌರೆ ಅಂದು ಎಷ್ಟು ಖುಷಿಯಾಗಿದ್ದಳೆಂದರೆ ನನ್ನ ತಟ್ಟೆಗೆ ಬೇಡ ಬೇಡವೆಂದರೂ ಮೂರು ಸಲ ಮಾಂಸ ಬಡಿಸಿದಳು.

ಸೋಮವಾರ ಬ್ಯಾಂಕಿಗೆ ಹೋಗುವಾಗ ನನ್ನನ್ನೂ ಎಳೆದುಕೊಂಡು ಹೋದ. ಅಲ್ಲಿದ್ದ ಹುಡುಗಿಗೆ ನಮ್ಮ ಮಕ್ಕಳ ವಯಸ್ಸು. ಮರ್ಯಾದೆಯಿಂದಲೇ ಮಾತಾಡಿಸಿದಳು. ಬೇಸೆನ್ ತನ್ನ ಇಪ್ಪತ್ತೈದು ಲಕ್ಷ ಕೇಳಿದ. ಅವಳು ಪರದೆ ನೋಡಿ, ಹತ್ತು ಲಕ್ಷದವರೆಗೆ ಕೊಡಬಹುದು ಎಂದಳು. ಬೇಸೆನ್ ಸಮಾಧಾನವಾಗಿಯೇ ವಿವರಿಸಿದ: ತಾನು ಒಂದು ತಿಂಗಳೂ ತಪ್ಪಿಸಿಲ್ಲ, ಅವಧಿ ಅರ್ಧ ಮುಗಿದಿದೆ, ಐವತ್ತರಲ್ಲಿ ಅರ್ಧ ಇಪ್ಪತ್ತೈದು. ಅವಳು ಪರದೆಯನ್ನು ನಮ್ಮ ಕಡೆ ತಿರುಗಿಸಿದಳು.

"ಅವಧಿ ಅರ್ಧ ಮುಗಿದಿದೆ ಅಂಕಲ್, ಸಾಲ ಅಲ್ಲ. ನೀವು ಕಟ್ಟಿರೋದು ಎಪ್ಪತ್ತೈದು ಲಕ್ಷದ ಹತ್ರ ಹತ್ರ. ಅದ್ರಲ್ಲಿ ಸಾಲಕ್ಕೆ ಹೋಗಿರೋದು ಹತ್ತು. ಉಳಿದಿದ್ದು ಬಡ್ಡಿ. ಇನ್ನೂ ನಲ್ವತ್ತು ಲಕ್ಷ ಇದೆ."

ಪಟ್ಟಿಯಲ್ಲಿ ಮೊದಲ ತಿಂಗಳಿನ ಲೆಕ್ಕವನ್ನೂ ತೋರಿಸಿದಳು. ಅರವತ್ತೆರಡು ಸಾವಿರದಲ್ಲಿ ಐವತ್ತೆಂಟು ಬಡ್ಡಿಗೆ, ನಾಲ್ಕಕ್ಕೂ ಕಡಿಮೆ ಸಾಲಕ್ಕೆ. ಕೊನೆಯ ವರ್ಷಗಳಲ್ಲಿ ಇದು ತಿರುಗುಮುರುಗಾಗುತ್ತದಂತೆ. ಎಲ್ಲ ಮುಗಿಯುವಾಗ ಐವತ್ತು ಲಕ್ಷಕ್ಕೆ ಒಂದೂವರೆ ಕೋಟಿ ಕಟ್ಟಿರುತ್ತೀರಿ ಎಂದಳು. ಈ ಪಟ್ಟಿ ಒಪ್ಪಂದದ ಜೊತೆಗೇ ಇತ್ತು, ಒಂದೊಂದು ಹಾಳೆಗೂ ನಿಮ್ಮದೇ ಸಹಿ ಇದೆ ಎಂದೂ ಸೇರಿಸಿದಳು. ಇತ್ತು, ಸುಳ್ಳಲ್ಲ. ಬೇಸೆನ್ ಅದನ್ನು ಅಂದು ಸಹಿ ಹಾಕಲಿಕ್ಕಷ್ಟೇ ಮುಟ್ಟಿದ್ದ. ಮನೆಯ ಬೆಲೆ ಏರಿರಬಹುದಲ್ಲ ಎಂದು ನಾನು ನಡುವೆ ಬಾಯಿ ಹಾಕಿದೆ. ಅವನು ಕೊಂಡ ವರ್ಷ ಬೆಲೆ ನೆತ್ತಿಗೇರಿತ್ತು, ಮರುವರ್ಷವೇ ಬಿತ್ತು, ಈಗ ಎದ್ದು ಬಂದು ಅದೇ ಎಪ್ಪತ್ತರಲ್ಲಿ ನಿಂತಿದೆ ಎಂದಳು.

ಹತ್ತು ಲಕ್ಷಕ್ಕೆ ಕರಗಂದಾದಲ್ಲಿ ಕಾರು ನಿಲ್ಲಿಸುವ ಗ್ಯಾರೇಜು ಸಿಗುತ್ತದೆ, ಮನೆ ಸಿಗುವುದಿಲ್ಲ. ಹೊರಗೆ ಬಂದ ಮೇಲೆ ಬೇಸೆನ್ ಮೆಟ್ಟಿಲ ಮೇಲೆ ಕೂತುಬಿಟ್ಟ. ಕುರ್ದಾಸ್‌ಗೆ ಏನು ಬೇಕಾದರೂ ಅನ್ನಬಹುದು ಎಂದೆನಲ್ಲ, ಅಂದು ನಾನು ಅವನ ಪಕ್ಕದಲ್ಲೇ ಕೂತೆ. ಪಾಪ ಅನ್ನಿಸಿತು. ಬಸ್ಸು ಹತ್ತಿ ನೇರ ಇಗಿಲಿಕ್‌ನ ಮನೆಗೆ ಹೋದೆವು.

ಇಗಿಲಿಕ್ ಊರ ಹೊರಗೆ ಇರುತ್ತಿದ್ದ, ಹಿತ್ತಲಲ್ಲಿ ಒಂದಷ್ಟು ಕುರಿ ಕಟ್ಟಿಕೊಂಡು. ಬೇಸೆನ್ ಹೇಳಿದ್ದನ್ನೆಲ್ಲ ಕೇಳಿ, ನೂರಕ್ಕೆ ಎಷ್ಟು ಬಡ್ಡಿ ಎಂದು ಕೇಳಿದ. ಹದಿನಾಲ್ಕು ಎಂದ ಮೇಲೆ ವರ್ಷಕ್ಕೆ ನೂರಕ್ಕೆ ಎಷ್ಟು ಕಟ್ಟಿದೆ ಎಂದ. ನಾನೇ ಲೆಕ್ಕ ಹಾಕಿ ಹೇಳಿದೆ, ಸುಮಾರು ಹದಿನೈದು. ಮುದುಕ ಗಡ್ಡ ನೀವಿಕೊಂಡ.

"ಅಂದ್ರೆ ನಿಂಗೆ ನೂರು ಕುರಿ ಕೊಟ್ರು. ವರ್ಷಕ್ಕೆ ಹದಿನಾಲ್ಕು ಮರಿ ಹುಟ್ಟಿದ್ವು. ನೀನು ಹದಿನೈದು ಹೊಡ್ಕೊಂಡು ಹೋಗಿ ಕೊಟ್ಟೆ. ಅದ್ರಲ್ಲಿ ಹದಿನಾಲ್ಕು ಮರಿಗಳ ಲೆಕ್ಕಕ್ಕೆ ಹೋಯ್ತು, ಕುರಿಗಳ ಲೆಕ್ಕಕ್ಕೆ ಬಂದಿದ್ದು ಒಂದೇ. ಕುರಿ ಕಮ್ಮಿ ಆದಂಗೆ ಮರೀನೂ ಕಮ್ಮಿ, ಆದ್ರೆ ಅದು ನಿಧಾನಕ್ಕೆ. ಹತ್ತು ವರ್ಷಕ್ಕೆ ಇಪ್ಪತ್ತು ಕುರಿ ತೀರ್ಸಿದೀಯ. ಎಂಬತ್ತು ಇನ್ನೂ ಅವ್ರದೇ."

ಬೇಸೆನ್ ತಲೆ ಎತ್ತಲಿಲ್ಲ.

"ಮರಿ ಯಾರ್ದು ಅಂತ ಕೇಳ್ದೇನೇ ಮಂದೆ ಹೊಡ್ಕೊಂಡು ಬಂದ್ಯಲ್ಲೋ. ನಿಮ್ಮಪ್ಪ ಇದ್ದಿದ್ರೆ ಚಾಟೀಲಿ ಬಾರಿಸ್ತಿದ್ದ," ಎಂದ ಇಗಿಲಿಕ್. ಆಮೇಲೆ ದನಿ ತಗ್ಗಿಸಿ, ತಾನೂ ಎರಡು ಸಲ ಹರಸಿಬಿಟ್ಟೆನಲ್ಲ, ತಾನೂ ಕೇಳಲಿಲ್ಲವಲ್ಲ ಎಂದು ಗೊಣಗಿದ.

ಮಾತು ಹಿಂದಕ್ಕೆ ಪಡೆಯಲು ಒಂದೇ ದಾರಿ. ಯಾರಿಗೆ ಕೊಟ್ಟಿತ್ತೋ ಅವರು ಬಿಡಬೇಕು. ಆ ಶನಿವಾರ ಬೇಸೆನ್‌ನ ಅಡುಗೆಮನೆಯಲ್ಲಿ ಐವರು ಸೇರಿದೆವು: ಗಂಡ ಹೆಂಡತಿ, ಉಲ್ಬೋಸಿನ್, ಇಗಿಲಿಕ್, ನಾನು. ಜೌರೆ ಹಾಲು ಹಾಕಿದ ಚಹಾ ಸುರಿಯುತ್ತಾ ಇದ್ದಳು. ಬೇಸೆನ್ ಏನನ್ನೂ ಮುಚ್ಚಿಡಲಿಲ್ಲ. ಎಪ್ಪತ್ತೈದು, ಹತ್ತು, ನಲವತ್ತು, ಎಲ್ಲವನ್ನೂ ಹೇಳಿದ. ಮನೆ ಮಾರಿದರೆ ಬ್ಯಾಂಕಿನದು ಕಳೆದು ಮೂವತ್ತು ಲಕ್ಷ ಉಳಿಯುತ್ತದೆ, ಅದರಲ್ಲಿ ಒಂದು ಸಣ್ಣ ಮನೆ ಬರುತ್ತದೆ, ಎರಡು ಬರುವುದಿಲ್ಲ ಎಂದ. ಇಗಿಲಿಕ್ ಉಲ್ಬೋಸಿನ್ ಕಡೆ ತಿರುಗಿ, ನೀನು ಮಾತು ಬಿಟ್ಟರೆ ಯಾರೂ ನಿನ್ನನ್ನು ಸಣ್ಣವಳೆನ್ನುವುದಿಲ್ಲ, ಇಲ್ಲೇ ಒಂದು ಮೂಲೆಯಲ್ಲಿ ತಮ್ಮ ನಿನ್ನನ್ನು ಇಟ್ಟುಕೊಳ್ಳುತ್ತಾನೆ ಎಂದ. ಜೌರೆಯ ಕೈ ಕೆಟಲಿನ ಮೇಲೆಯೇ ನಿಂತಿತ್ತು. ನಾನೂ ಕಾಯುತ್ತಿದ್ದೆ. ಇಂಥ ಹೊತ್ತಲ್ಲಿ ಅಕ್ಕಂದಿರು ಏನನ್ನುತ್ತಾರೆಂದು ನಮಗೆಲ್ಲ ಗೊತ್ತಿತ್ತು.

"ನಾನು ಬಿಟ್ಟೆ ಅನ್ಲಿ ಅಂತ ಎಲ್ಲಾರೂ ಕಾಯ್ತಿದೀರಿ," ಎಂದಳು ಉಲ್ಬೋಸಿನ್. "ನಂಗೆ ಕಾಣ್ತಿದೆ. ಆದ್ರೆ ಅನ್ನಲ್ಲ."

ಅವಳು ಚಹಾದ ಬಟ್ಟಲನ್ನು ಪಕ್ಕಕ್ಕೆ ಸರಿಸಿದಳು.

"ಹುಟ್ಟಿದ್ದು ಅಪ್ಪನ ಮನೇಲಿ. ಆಮೇಲೆ ಗಂಡನ ಮನೆ. ಆಮೇಲೆ ಅಮ್ಮನ ಮನೆ, ಅದು ನಿಂದು. ಈಗ ಮೆಟ್ಲ ಕೆಳಗೆ, ಅದು ರೈಲ್ವೆದು. ಮೂಲೇಲಿ ಇಟ್ಕೋತಾನೆ ಅಂತೀರಿ. ಇಟ್ಕೋತಾನೆ, ಗೊತ್ತು. ಮೂಲೇಲಿ ಇದ್ದಿದ್ದು ಸಾಕಾಯ್ತು. ನನ್ ಹಣ ಆಗ್ಲೇ ಕೊಟ್ಟಿದ್ರೆ ಹಳ್ಳೀಲಿ ಒಂದು ಗುಡಿಸ್ಲಾದ್ರೂ ಕೊಳ್ತಿದ್ದೆ. ಹತ್ತು ವರ್ಷ ಕಾದಿದೀನಿ. ನಂಗೆ ಮನೆ ಬೇಕು ಬೇಸೆನ್."

"ಹಾಗಾದ್ರೆ ನಾವು?" ಎಂದಳು ಜೌರೆ.

"ನೀವು ಇಬ್ರಿದೀರಿ," ಎಂದಳು ಉಲ್ಬೋಸಿನ್.

ಬೇಸೆನ್ ಬಟ್ಟಲಿನಲ್ಲಿದ್ದ ಚಹಾ ಮುಗಿಸಿ, ಮಾರುತ್ತೇನೆ ಎಂದ. ಜೌರೆ ಕೆಟಲನ್ನು ಒಲೆಯ ಮೇಲಿಟ್ಟು ಒಳಕೋಣೆಗೆ ಹೋದವಳು ನಾವು ಹೊರಡುವವರೆಗೂ ಹೊರಗೆ ಬರಲಿಲ್ಲ.

ಯಾರ್ಡಿನಲ್ಲಿ ಎಲ್ಲರೂ ಉಲ್ಬೋಸಿನ್‌ಗೆ ಶಾಪ ಹಾಕಿದರು. ಕಲ್ಲೆದೆಯವಳು, ತಮ್ಮನನ್ನು ಬೀದಿಗೆ ತಂದಳು ಎಂದರು. ನನ್ನ ಹೆಂಡತಿಯಂತೂ ಅವಳ ಹೆಸರೆತ್ತಿದರೆ ಉರಿದು ಬೀಳುತ್ತಿದ್ದಳು. ನಾನು ಹಾಗೆನ್ನಲಾರೆ. ತಮ್ಮನನ್ನು ಬೀದಿಗೆ ತಂದ ಅರವತ್ತೈದು ಲಕ್ಷ ಬಡ್ಡಿಯ ಬಗ್ಗೆ ಒಬ್ಬರೂ ಬಾಯಿ ಬಿಡಲಿಲ್ಲ. ಅದಕ್ಕೆ ಮುಖ ಇರಲಿಲ್ಲ, ಬೈಯಲು ಬರುತ್ತಿರಲಿಲ್ಲ. ಉಲ್ಬೋಸಿನ್‌ಗೆ ಮುಖ ಇತ್ತು.

ಚಳಿ ಶುರುವಾಗುವ ಮೊದಲೇ ಮನೆ ಮಾರಾಟವಾಯಿತು. ಹೊಸಬರ ಎಪ್ಪತ್ತರಲ್ಲಿ ನಲವತ್ತು ಬ್ಯಾಂಕಿಗೆ ಹೋಯಿತು. ಉಳಿದ ಮೂವತ್ತರಲ್ಲಿ ಮೈಕುದುಕ್ ಬಡಾವಣೆಯ ಹಳೆಯ ಕಟ್ಟಡದಲ್ಲಿ ಒಂದು ಕೋಣೆಯ ಮನೆಯನ್ನು ಇಪ್ಪತ್ತೆಂಟಕ್ಕೆ ಕೊಂಡು ಉಲ್ಬೋಸಿನ್‌ನ ಹೆಸರಿಗೆ ಬರೆಸಿದರು. ಬೇಸೆನ್ ಜೌರೆ ಯಾರ್ಡಿನ ಹತ್ತಿರ ಕಲ್ಲಿದ್ದಲ ಒಲೆಯ ಬಾಡಿಗೆ ಮನೆ ಹಿಡಿದರು. ಅದೇ ಬ್ಯಾಂಕಿನ ಹುಡುಗಿ ಫೋನ್ ಮಾಡಿ, ಚಿಕ್ಕದೊಂದು ಮನೆಗೆ ಹೊಸ ಸಾಲ ಕೊಡಿಸಲೇ ಎಂದು ಕೇಳಿದಳಂತೆ. ಬೇಸೆನ್ ಈ ಸಲ ತಿಂಗಳಿಗೆ ಎಷ್ಟು ಎಂದು ಕೇಳಲಿಲ್ಲ, ಕೊನೆಗೆ ಒಟ್ಟು ಎಷ್ಟು ಎಂದು ಕೇಳಿದ. ಅವಳು ಹೇಳಿದ ಮೇಲೆ, ಮಗಳೇ ನಿನಗೆ ಒಳ್ಳೆಯದಾಗಲಿ ಎಂದು ಫೋನ್ ಇಟ್ಟ.

ಜೌರೆ ಆ ಚಳಿಗಾಲವಿಡೀ ಅತ್ತಿಗೆಯ ಮುಖ ನೋಡಲಿಲ್ಲ. ಹತ್ತು ವರ್ಷ ಕೋಟು ಕೊಳ್ಳದೆ ಉಳಿಸಿದ್ದೆಲ್ಲ ಮೈಕುದುಕ್ ಸೇರಿತು ಎನ್ನುತ್ತಿದ್ದಳು. ಆದರೆ ಬೇಸೆನ್ ಹೋಗುತ್ತಿದ್ದ. ಕಂತು ಇರಲಿಲ್ಲ, ಬಾಡಿಗೆಗೆ ಒಂದು ಪಾಳಿಯ ಸಂಬಳ ಸಾಕಾಗುತ್ತಿತ್ತು. ಎರಡನೇ ಪಾಳಿ ಬಿಟ್ಟ. ಭಾನುವಾರ ಅವನಿಗೆ ಏನು ಮಾಡಬೇಕೆಂದು ತೋಚುತ್ತಿರಲಿಲ್ಲ, ಅಕ್ಕನ ಮನೆಗೆ ನಡೆದುಬಿಡುತ್ತಿದ್ದ.

ಏಪ್ರಿಲ್‌ನ ಒಂದು ಭಾನುವಾರ ನನ್ನನ್ನೂ ಕರೆದಳು ಉಲ್ಬೋಸಿನ್. ಮಾಂಸ ಬೇಯಿಸಿದ್ದಳು, ಹಿಟ್ಟಿನ ಹಾಳೆಗಳನ್ನು ತೆಳ್ಳಗೆ ಲಟ್ಟಿಸಿ ಅದರ ಸಾರಿನಲ್ಲೇ ಬಿಟ್ಟಿದ್ದಳು. ಉಂಡೆದ್ದ ಬೇಸೆನ್ ಕಿಟಕಿಯ ಹತ್ತಿರ ಕೌದಿಯ ಮೇಲೆ ಒರಗಿದವನು ಮಾತಿನ ನಡುವೆಯೇ ನಿದ್ದೆ ಹೋದ. ಬಾಯಿ ತೆರೆದುಕೊಂಡು, ಗೊರಕೆ ಹೊಡೆಯುತ್ತಾ. ಹೊಟ್ಟೆಯ ಮೇಲೆ ಬಿಸಿಲು ಬಿದ್ದಿತ್ತು. ನಾವಿಬ್ಬರೂ ದನಿ ತಗ್ಗಿಸಿ ಮಾತಾಡುತ್ತಾ ಕೂತೆವು.

ಆಗ ಯಾರೋ ಬಂದರು. ಉಲ್ಬೋಸಿನ್ ಬಾಗಿಲು ತೆರೆದರೆ ಜೌರೆ. ಹೊಸಿಲ ಆಚೆಯೇ ನಿಂತು, ಮನೆಯ ಕೀಲಿ ಇವರ ಜೇಬಿನಲ್ಲಿ ಹೋಗಿದೆ, ನಾನು ಹೊರಗೆ ನಿಂತಿದ್ದೇನೆ ಎಂದಳು ಗಡುಸಾಗಿ. ಅಷ್ಟರಲ್ಲಿ ಅವಳಿಗೆ ಗಂಡ ಕಂಡ.

"ಎಬ್ಬಿಸ್ಲಾ?" ಎಂದಳು ಉಲ್ಬೋಸಿನ್.

ಜೌರೆ ಬೇಡವೆಂದು ಕೈ ಅಲ್ಲಾಡಿಸಿದಳು. ಬೂಟು ಕಳಚಿ ಒಳಗೆ ಬಂದು ನೆಲದ ಮೇಲೆ ಕೂತಳು. ಎಷ್ಟೋ ಹೊತ್ತು ಅವನನ್ನೇ ನೋಡಿದಳು.

"ಹತ್ತು ವರ್ಷ ಇದ್ವಿ ಅತ್ತಿಗೆ ಆ ಮನೇಲಿ," ಎಂದಳು ಕೊನೆಗೆ. "ಇವ್ರು ಮಧ್ಯಾಹ್ನ ಮಲಗಿದ್ದು ಒಂದಿನಾನೂ ನೋಡ್ಲಿಲ್ಲ ನಾನು. ಆ ಮನೇಲಿ ಬಿಸ್ಲು ಯಾವ ಕಡೆಯಿಂದ ಬರತ್ತೆ ಅಂತಾನೂ ಇವ್ರಿಗೆ ಗೊತ್ತಿರ್ಲಿಲ್ಲ."

ಹಾಗಂದು ಅಳತೊಡಗಿದಳು. ಮನೆ ಮಾರಿದ ದಿನ ಅತ್ತಿರಲಿಲ್ಲ. ಉಲ್ಬೋಸಿನ್ ಸಾರಿನ ಪಾತ್ರೆಯನ್ನು ಮತ್ತೆ ಒಲೆಗೇರಿಸಿ ಬಂದು ಅವಳ ಪಕ್ಕ ಕೂತಳು, ನಾನು ಎದ್ದು ಅಡುಗೆಮನೆಗೆ ಹೋದೆ.